ಉರಿಕುದ್ರುವಿನ ಬೆಂಕಿವಿದ್ಯೆಗೆ ಏನು ಕಟ್ಟುಪಾಡು ಇರಬೇಕು?

ಡೊಂಬಿವಲಿ ಪೂರ್ವ

ಎಲ್ಲರಿಗೂ ನಮಸ್ಕಾರ. ಬರೆಯುತ್ತಿರುವ ಕಾದಂಬರಿಗಾಗಿ ಒಂದು ದ್ವೀಪ ಕಟ್ಟಿದ್ದೇನೆ. ಹೆಸರು ಉರಿಕುದ್ರು. ಪೂರ್ತಿ ಕಲ್ಪನೆ, ನಕಾಶೆಯಲ್ಲಿ ಹುಡುಕಬೇಡಿ. ನಡುವೆ ಜ್ವಾಲಾಮುಖಿ, ಸುತ್ತ ತೆಂಗು, ಅದರಾಚೆ ಸಮುದ್ರ. ಅಲ್ಲಿನ ಕೆಲವು ಮನೆತನಗಳಿಗೆ ಬೆಂಕಿವಿದ್ಯೆ ಗೊತ್ತು. ಅವರನ್ನು ಕೆಂಡದವರು ಅನ್ನುತ್ತಾರೆ. ಬೆರಳ ತುದಿಯಲ್ಲಿ ಬೆಂಕಿ ಹುಟ್ಟಿಸುತ್ತಾರೆ, ವೈರಿಯ ದೋಣಿ ಸುಡುತ್ತಾರೆ, ಜ್ವಾಲಾಮುಖಿ ಸಿಟ್ಟಾದರೆ ಸಮಾಧಾನ ಮಾಡುತ್ತಾರೆ.

ತೊಂದರೆ ಏನೆಂದರೆ ಕಥೆ ಮುಂದೆ ಹೋಗುತ್ತಿಲ್ಲ. ಏನೇ ಕಷ್ಟ ಬಂದರೂ ಇವರು ಕೈ ಎತ್ತಿದರೆ ಮುಗೀತು. ವೈರಿ ಬಂದ, ಸುಟ್ಟರು. ಚಳಿ ಬಂತು, ಉರಿಸಿದರು. ಓದುವವರಿಗೆ ಭಯ ಎಲ್ಲಿಂದ ಬರಬೇಕು? ಈ ವಿದ್ಯೆಗೆ ಏನಾದರೂ ಬೆಲೆ ಇರಲೇಬೇಕು. ಆದರೆ ಮಂತ್ರ ಹೇಳಿದಷ್ಟೂ ಆಯುಸ್ಸು ಕಡಿಮೆ ಅನ್ನುವಂಥದ್ದು ಬೇಡ. ಅದು ಹಳಸಿ ಹೋಗಿದೆ. ಲೋಕಲ್‌ ರೈಲಿನಲ್ಲಿ ನಿಂತು ಯೋಚಿಸಿ ಯೋಚಿಸಿ ತಲೆ ಬಿಸಿಯಾಗಿದೆ. ನೀವೇ ಹೇಳಿ.

ಕೊಥ್ರೂಡ್ ಕಾಫಿ

ಬೆಲೆ ಬೇಕಾ? ಲೆಕ್ಕ ಹಾಕಿ, ತಾನಾಗಿ ಸಿಗುತ್ತದೆ. ನಾನು ಭೌತಶಾಸ್ತ್ರ ಪಾಠ ಮಾಡುವವಳು, ಇದು ನನ್ನ ಚಟ.

ಒಂದೇ ನಿಯಮ ಇಡಿ. ಕೆಂಡದವರು ಶಾಖ ಹುಟ್ಟಿಸುವುದಿಲ್ಲ, ಸಾಗಿಸುತ್ತಾರೆ. ಒಂದು ಕಡೆಯಿಂದ ತೆಗೆದು ಇನ್ನೊಂದು ಕಡೆ ಹಾಕಬೇಕು. ಎಲ್ಲಕ್ಕಿಂತ ಹತ್ತಿರ ಇರುವ ಶಾಖ ಯಾವುದು? ಅವರದೇ ಮೈ.

ಒಂದು ಲೀಟರ್ ನೀರನ್ನು 30 ಡಿಗ್ರಿಯಿಂದ 100 ಡಿಗ್ರಿಗೆ ತರಲು 70 ಕಿಲೋಕ್ಯಾಲರಿ ಬೇಕು. ಅಂದರೆ ಸುಮಾರು 293 ಕಿಲೋಜೌಲ್. 60 ಕಿಲೋ ತೂಗುವ ಮನುಷ್ಯನ ಮೈಯಿಂದ ಅಷ್ಟು ಶಾಖ ಕಿತ್ತುಕೊಂಡರೆ ಮೈ ಹೆಚ್ಚುಕಡಿಮೆ 1.4 ಡಿಗ್ರಿ ತಣ್ಣಗಾಗುತ್ತದೆ. ನಮ್ಮ ಒಳಮೈ ಇರುವುದು 37 ಡಿಗ್ರಿ. 35ಕ್ಕಿಂತ ಕೆಳಗೆ ಹೋದರೆ ವೈದ್ಯರು ಹೈಪೋಥರ್ಮಿಯಾ ಅನ್ನುತ್ತಾರೆ. ನಡುಕ, ತೊದಲು ಮಾತು, ಮಂಕು ಬುದ್ಧಿ. ಅಂದರೆ ನಿಮ್ಮ ಮಹಾಮಾಂತ್ರಿಕ ಒಂದೂವರೆ ಲೀಟರ್ ನೀರು ಕುದಿಸಿದರೆ ಕಂಬಳಿ ಹೊದ್ದು ಮಲಗಬೇಕು! ದೋಣಿ ಸುಡುವ ಮಾತು ದೂರ ಉಳಿಯಿತು.

ಇನ್ನೊಂದು ತಮಾಷೆ ಕೇಳಿ. ಅಷ್ಟೇ ಶಾಖ 20 ಗ್ರಾಂ ಒಣ ಕಟ್ಟಿಗೆ ಉರಿಸಿದರೂ ಬರುತ್ತದೆ. ಇಷ್ಟೆಲ್ಲ ನಡುಗಿ ನಿಮ್ಮ ಮಾಂತ್ರಿಕ ಉಳಿಸಿದ್ದು ಒಂದು ಚೂರು ಸೌದೆ.

ಆದರೆ ಒಂದು ಚಿಟಿಕೆ ಒಣ ನಾರು ಹೊತ್ತಿಸಬೇಕಾದರೆ? ಇದರ ಸಾವಿರದಲ್ಲೊಂದು ಪಾಲು ಸಾಕು. ಕಿಡಿ ಅಗ್ಗ, ಅಡುಗೆ ದುಬಾರಿ. ಇಡೀ ಉರಿಕುದ್ರುವನ್ನು ಇದರ ಮೇಲೆ ನಿಲ್ಲಿಸಿ ನೋಡಿ.

ಡೊಂಬಿವಲಿ ಪೂರ್ವ

ಮೇಡಂ, ಇದು ಚೆನ್ನಾಗಿದೆ. ಆದರೆ ಮೈಯಿಂದಲೇ ಯಾಕೆ ತೆಗೆಯಬೇಕು? ಸುತ್ತಲೂ ಬೆಚ್ಚಗಿನ ಸಮುದ್ರ ಇದೆಯಲ್ಲ. ಹತ್ತು ಲೀಟರ್ ಸಮುದ್ರದ ನೀರು ಏಳು ಡಿಗ್ರಿ ತಣ್ಣಗಾದರೆ ಒಂದು ಲೀಟರ್ ಕುದಿಯಬೇಕು, ಅಲ್ವಾ?

ಕೊಥ್ರೂಡ್ ಕಾಫಿ

ಲೆಕ್ಕ ಸರಿ. ಆದರೆ ಅಷ್ಟಕ್ಕೇ ಬಿಟ್ಟರೆ ಮತ್ತೆ ಮೊದಲಿನ ಜಾಗಕ್ಕೇ ಬರುತ್ತೀರಿ. ಸಮುದ್ರಕ್ಕೆ ಕೊನೆ ಎಲ್ಲಿದೆ? ಶಾಖ ಎಲ್ಲಿಂದ ಬಂದರೂ ಮಾಂತ್ರಿಕನ ಮೈ ಹಾದೇ ಹೋಗಬೇಕು ಅಂತ ಇಡಿ. ಆಗ ಮೂಲ ದೊಡ್ಡದಿದ್ದರೂ ದಾರಿ ಸಣ್ಣದು.

ಭೋಸರಿ ಭಟ್ಟಿ

ಮೇಡಂ ಹೇಳಿದ್ದು ಸರಿ, ದಾರಿಯೇ ಮುಖ್ಯ. ನಾನು ಫೌಂಡ್ರಿಯಲ್ಲಿ ಇರುವವನು. ಬೆಂಕಿಯನ್ನು ಹೊಗಳಿ ಬರೆಯುವವರು ಅದರ ಬಣ್ಣ ನೋಡಿರುವುದಿಲ್ಲ ಅನ್ನುವುದು ನನ್ನ ಹಳೆಯ ದೂರು.

ಕಬ್ಬಿಣ ಮಂಕು ಕೆಂಪಗೆ ಕಾಣಲು ಶುರುವಾಗುವುದು ಸುಮಾರು 600 ಡಿಗ್ರಿಯಲ್ಲಿ. ಕಿತ್ತಳೆ ಬಣ್ಣಕ್ಕೆ ತಿರುಗುವಾಗ 900 ದಾಟಿರುತ್ತದೆ. ಹಳದಿ ಅಂದರೆ 1100ರ ಆಸುಪಾಸು. ಚಿನ್ನ ಕರಗುವುದು 1064ರಲ್ಲಿ, ತಾಮ್ರ 1085ರಲ್ಲಿ. ಕಪ್ಪುಕಲ್ಲಿನ ಲಾವಾ ಹೊರಗೆ ಬರುವುದು 1100ರಿಂದ 1200 ಡಿಗ್ರಿಯಲ್ಲಿ. ಆದರೆ ಮರ ಹೊತ್ತಿಕೊಳ್ಳಲು 300 ಡಿಗ್ರಿ ಸಾಕು. ಹಾಗಾಗಿ ನಿಮ್ಮ ಹುಡುಗ ಚಿನ್ನ ಕರಗಿಸಿದ ಅಂತ ಬರೆಯುವಾಗ ಅದು ಸೌದೆ ಹೊತ್ತಿಸಿದ್ದಕ್ಕಿಂತ ಎಷ್ಟೋ ಮೇಲಿನ ವಿದ್ಯೆ ಅನ್ನುವುದು ಕಾಣಬೇಕು. ಬಣ್ಣ ನೋಡಿ ದರ್ಜೆ ಹೇಳುವ ಪದ್ಧತಿ ಇಡಿ. ಕೆಂಪು ಕಂಡವರು ಶಿಷ್ಯರು, ಹಳದಿ ಕಂಡವರು ಗುರುಗಳು. ನಮ್ಮಲ್ಲಿ ಹಳಬರು ಈಗಲೂ ಮೀಟರ್ ನೋಡುವ ಮೊದಲು ಬಣ್ಣ ನೋಡುತ್ತಾರೆ.

ಜ್ವಾಲಾಮುಖಿ ಸಮಾಧಾನ ಮಾಡುವುದನ್ನು ಮಾತ್ರ ಕೈಬಿಡಿ. ಒಂದು ಘನ ಮೀಟರ್ ಲಾವಾ ಅಂದರೆ ಎರಡೂವರೆ ಟನ್ ಮೇಲೆ. ಅದು ಸಾವಿರ ಡಿಗ್ರಿ ಇಳಿಯುವಾಗ ಬಿಡುವ ಶಾಖಕ್ಕೆ ಒಂಬತ್ತು ಸಾವಿರ ಲೀಟರ್ ನೀರು ಕುದಿಯುವ ಹದಕ್ಕೆ ಬರುತ್ತದೆ. ಅಷ್ಟನ್ನು ಮೈಯಲ್ಲಿ ಹಾಯಿಸಿದವನಿಗೆ ಬೇರೆ ಚಿತೆ ಬೇಕಾಗಿಲ್ಲ.

ಕುರ್ಲಾ ಚೆಂಡೆ

ಎಂತ ಮಾರಾಯ್ರೆ, ಕಥೆ ಕೇಳಿದರೆ ಪರೀಕ್ಷೆ ಪೇಪರ್ ಕೊಡುತ್ತೀರಿ! ಬೆಂಕಿ ಅಂದಮೇಲೆ ಸ್ವಲ್ಪ ಆರ್ಭಟ ಬೇಡವಾ?

ಯಕ್ಷಗಾನದಲ್ಲಿ ಮಹಿಷಾಸುರ ಬರುವುದನ್ನು ನೆನಪಿಸಿಕೊಳ್ಳಿ. ರಂಗದ ಎದುರಿನಿಂದ, ಜನರ ನಡುವಿನಿಂದ ಬರುತ್ತಾನೆ. ಎರಡೂ ಕಡೆ ದೊಂದಿ. ಅದಕ್ಕೆ ರಾಳದ ಪುಡಿ ಎಸೆದರೆ ಭುಗ್ ಅಂತ ಆಳೆತ್ತರ ಉರಿ ಏಳುತ್ತದೆ. ಎಸೆಯುವುದು ಒಂದು ಹಿಡಿ ಪುಡಿ ಅಷ್ಟೇ. ರಾಳದ ಗಟ್ಟಿಗೆ ಕೊಳ್ಳಿ ಹಿಡಿದರೆ ಸುಮ್ನೆ ಹೊಗೆ ಕಾರುತ್ತಾ ಕರಗುತ್ತದೆ. ಪುಡಿ ಮಾಡಿ ಗಾಳಿಗೆ ಎಸೆದರೆ ಪ್ರತಿ ಕಣಕ್ಕೂ ಗಾಳಿ ತಾಗಿ ಎಲ್ಲ ಒಟ್ಟಿಗೆ ಉರಿಯುತ್ತದೆ. ಅಂದರೆ ಕಿಡಿ ಕೆಂಡದವರದ್ದು, ಉರಿ ರಾಳದ್ದು. ಮೇಡಂ ಅವರ ಲೆಕ್ಕವೂ ಉಳಿಯಿತು, ಆರ್ಭಟವೂ ಸಿಕ್ಕಿತು.

ಬಣ್ಣವೂ ಬೇಕಾದರೆ ಉಪ್ಪು ಹಾಕಿ ಹಳದಿ ಮಾಡಿ, ಮೈಲುತುತ್ತ ಹಾಕಿ ಹಸಿರು ಮಾಡಿ. ಹೊರಗಿನವರು ಇದನ್ನೇ ಮಂತ್ರ ಅಂದುಕೊಂಡು ಓಡಲಿ. ನಿಜವಾದ ವಿದ್ಯೆ ಎಷ್ಟು ಸಣ್ಣದು ಅನ್ನುವುದು ಕೆಂಡದವರ ಮನೆ ಗುಟ್ಟು.

ಡೊಂಬಿವಲಿ ಪೂರ್ವ

ಮನೆ ಗುಟ್ಟು! ಇದನ್ನು ಎತ್ತಿಟ್ಟುಕೊಂಡೆ.

ಮಾಟುಂಗಾ ಅತ್ತೆ

ಎಲ್ಲರೂ ಬೆಂಕಿ ಹುಟ್ಟಿಸುವುದನ್ನೇ ಹೇಳುತ್ತಿದ್ದೀರಿ. ಉಳಿಸುವುದು ಯಾರ ಕೆಲಸ? ರಾತ್ರಿ ಒಲೆಯ ಕೆಂಡಕ್ಕೆ ಬೂದಿ ಮುಚ್ಚಿ, ಬೆಳಿಗ್ಗೆ ಬೂದಿ ಸರಿಸಿ ತೆಂಗಿನ ಗರಿ ಇಟ್ಟು ಊದುತ್ತಿದ್ದವರು ಯಾರು? ಕೆಂಡ ಆರಿದ್ದರೆ ಪಕ್ಕದ ಮನೆಗೆ ಕರಟ ಹಿಡಿದುಕೊಂಡು ಹೋಗುತ್ತಿದ್ದವರು ಯಾರು? ಕೇಳಿಕೊಂಡು ಬಂದ ಆ ಕೆಂಡದಲ್ಲಿ ಎಷ್ಟು ರಾಜಕೀಯ ಇರುತ್ತಿತ್ತು ಗೊತ್ತಾ? ಜಗಳ ಆಡಿದ ಮನೆಗೆ ಹೋಗುವ ಹಾಗಿಲ್ಲ, ಬಾಣಂತಿ ಇರುವ ಮನೆಯವರು ಕೊಡುವುದಿಲ್ಲ. ನಿಮ್ಮ ಕಾದಂಬರಿ ಅಲ್ಲೇ ಇದೆ.

ತೆಂಗಿನ ದ್ವೀಪ ಅನ್ನುತ್ತೀರಿ. ನಾರಿನ ಹಗ್ಗಕ್ಕೆ ಕಿಡಿ ತಾಗಿಸಿ ತೂಗುಹಾಕಿದರೆ ಜ್ವಾಲೆ ಇಲ್ಲದೆ ಗಂಟೆಗಟ್ಟಲೆ ಹೊಗೆಯಾಡುತ್ತದೆ. ಗೂಡಂಗಡಿ ಕಂಬಕ್ಕೆ ಬೀಡಿ ಹಚ್ಚಲು ಅದನ್ನೇ ಕಟ್ಟುತ್ತಿದ್ದರು. ಮೀನಿಗೆ ಹೋಗುವವರ ದೋಣಿಯಲ್ಲಿ ಅಂಥ ಹಗ್ಗದ ಸುರುಳಿ ಇರಲಿ. ಅದು ಆರಿದರೆ ಅಪಶಕುನ.

ಇನ್ನೊಂದು. ಮರೀನ್ ಲೈನ್ಸ್ ಹತ್ತಿರ ಪಾರ್ಸಿಗಳ ವಾಡಿಯಾಜಿ ಆತಶ್ ಬೆಹ್ರಾಮ್ ಅನ್ನುವ ಅಗ್ನಿಮಂದಿರ ಇದೆಯಲ್ಲ, 1830ರದ್ದು. ನಮಗೆ ಒಳಗೆ ಪ್ರವೇಶ ಇಲ್ಲ, ಹೊರಗಿನಿಂದ ನೋಡಿದ್ದಷ್ಟೇ. ಅವರಲ್ಲಿ ಅತ್ಯುನ್ನತ ದರ್ಜೆಯ ಬೆಂಕಿ ಪ್ರತಿಷ್ಠೆ ಆಗಬೇಕಾದರೆ 16 ಬಗೆಯ ಬೆಂಕಿ ಕೂಡಿಸಬೇಕು. ಕುಂಬಾರನದ್ದು, ಅಕ್ಕಸಾಲಿಯದ್ದು, ಕಮ್ಮಾರನದ್ದು, ಹೆಣ ಸುಟ್ಟದ್ದು, ಸಿಡಿಲಿನದ್ದೂ ಸೇರಿ. ಒಂದೊಂದನ್ನೂ ಮತ್ತೆ ಮತ್ತೆ ಶುದ್ಧಿ ಮಾಡಿ ಕೊನೆಗೆ ಒಂದು ಮಾಡುತ್ತಾರೆ. ಭಾರತದಲ್ಲಿ ಅಂಥವು ಎಂಟೇ ಇರುವುದು, ಅದರಲ್ಲಿ ನಾಲ್ಕು ನಮ್ಮ ಮುಂಬಯಿಯಲ್ಲಿ. ಗುಜರಾತಿನ ಉದ್ವಾಡಾದಲ್ಲಿ ಇರುವ ಇರಾನ್‌ಶಾಹ್ ಅನ್ನುವ ಬೆಂಕಿ ಆ ಊರಿಗೆ ಬಂದದ್ದು 1742ರಲ್ಲಿ. ಅಂದಿನಿಂದ ಆರಿಲ್ಲ. ಅವರ ಆಚರಣೆಯನ್ನು ಎತ್ತಿ ಕಾದಂಬರಿಗೆ ಹಾಕಿ ಅಂತ ನಾನು ಹೇಳುತ್ತಿಲ್ಲ, ಅದು ಅವರ ನಂಬಿಕೆ. ಬೆಂಕಿ ಎಲ್ಲಿಂದ ಬಂತು ಅನ್ನುವುದಕ್ಕೆ ಒಂದು ಸಮಾಜ ಎಷ್ಟು ಬೆಲೆ ಕೊಡಬಹುದು ಅಂತ ನೋಡಿ ಕಲಿಯಿರಿ.

ಭೋಸರಿ ಭಟ್ಟಿ

ಅತ್ತೆ, ಅದೇ ವಾಡಿಯಾಜಿ ವಿಷಯ. ಮುಂಬಯಿ ಮೆಟ್ರೊ 3ರ ಸುರಂಗ ಹತ್ತಿರ ಹೋಗುತ್ತದೆ ಅಂತ 2018ರಲ್ಲಿ ಕೆಲವು ಪಾರ್ಸಿಗಳು ಹೈಕೋರ್ಟಿಗೆ ಹೋಗಿದ್ದರು. ಬೆಂಕಿಗೂ ಕೆಳಗಿನ ನೆಲಕ್ಕೂ ಇರುವ ಸಂಬಂಧ ಕಡಿಯುತ್ತದೆ ಅನ್ನುವುದು ಅವರ ಆತಂಕ. ಬೆಂಕಿ ಉರಿಯುವುದು ಮೇಲಕ್ಕೆ, ಬೇರು ಇರುವುದು ಕೆಳಕ್ಕೆ. ಜ್ವಾಲಾಮುಖಿಯ ದ್ವೀಪಕ್ಕೆ ಇದಕ್ಕಿಂತ ಹೊಂದುವ ನಂಬಿಕೆ ಇನ್ನೊಂದು ಸಿಗಲಿಕ್ಕಿಲ್ಲ.

ವಾಸ್ಕೋ ಬಂದರು

ನಮಸ್ಕಾರ್ರಿ. ತಡವಾಗಿ ಬಂದೆ. ಎಲ್ಲಾ ಓದಿದೆ.

ನನಗೊಂದು ಅನುಮಾನ. ಉರಿಕುದ್ರುವಿನಲ್ಲಿ ಕೆಂಡ ಹಾಯುವುದು ಇದೆಯೋ ಇಲ್ಲವೋ? ಇಲ್ಲಿ ಗೋವಾದ ಶಿರಗಾಂವದಲ್ಲಿ ಲೈರಾಯಿ ದೇವಿ ಜಾತ್ರೆಗೆ ಧೋಂಡರು ಅನ್ನುವ ಭಕ್ತರು ವ್ರತ ಹಿಡಿದು ಕೆಂಡ ಹಾಯುತ್ತಾರೆ. ನಮ್ಮ ಕಡೆ ಗುಗ್ಗಳ, ಅಗ್ನಿಕುಂಡ ಎಲ್ಲಾ ಇದೆ. ಬೆಂಕಿ ವಿದ್ಯೆ ಇರುವ ಊರಾಗ ಅದು ಇಲ್ಲ ಅಂದರೆ ಹೆಂಗ್ರಿ?

ಕುರ್ಲಾ ಚೆಂಡೆ

ನಮ್ಮ ತುಳುನಾಡಿನ ಒತ್ತೆಕೋಲ ಬಿಟ್ಟೇಬಿಟ್ಟಿರಲ್ಲ! ವಿಷ್ಣುಮೂರ್ತಿ ದೈವ ಕೆಂಡದ ರಾಶಿಗೇ ಬೀಳುತ್ತದೆ. ಕಟೀಲಿನಲ್ಲಿ ಅತ್ತೂರು, ಕೊಡೆತ್ತೂರು ಎರಡೂ ಊರಿನವರು ಉರಿಯುವ ತೂಟೆಯನ್ನು, ಅಂದರೆ ಗರಿಯ ಸೂಡಿಯನ್ನು, ಒಬ್ಬರ ಮೇಲೊಬ್ಬರು ಎಸೆಯುತ್ತಾರೆ. ಅಲ್ಲಿ ಮಾಂತ್ರಿಕರು ಯಾರೂ ಇಲ್ಲ, ಊರಿನ ಗಂಡಸರೇ. ಉರಿಕುದ್ರುವಿನಲ್ಲೂ ವಿದ್ಯೆ ಇಲ್ಲದವರಿಗೆ ವರ್ಷಕ್ಕೊಮ್ಮೆ ಬೆಂಕಿ ಮುಟ್ಟುವ ಹಕ್ಕು ಇರಲಿ.

ಕೊಥ್ರೂಡ್ ಕಾಫಿ

ಕೆಂಡ ಹಾಯಲು ಕೆಂಡದವರು ಬೇಕಾಗಿಲ್ಲ. ಮರದ ಇದ್ದಿಲು ಶಾಖವನ್ನು ಬಹಳ ನಿಧಾನ ಬಿಟ್ಟುಕೊಡುತ್ತದೆ, ಮೇಲಿನ ಬೂದಿ ಇನ್ನೂ ನಿಧಾನ. ಕಾಲು ತಾಗುವುದು ಕ್ಷಣಮಾತ್ರ. ಅದೇ ಬಿಸಿಯ ಕಬ್ಬಿಣದ ತಗಡಿನ ಮೇಲೆ ಕಾಲಿಟ್ಟರೆ ಚರ್ಮ ಉಳಿಯುವುದಿಲ್ಲ. ಫಿಜಿಯ ಬೆಂಗಾ ದ್ವೀಪದಲ್ಲಿ ಸಾವಾವು ಕುಲದವರು ಕೆಂಡದ ಬದಲು ಕಾದ ಕಲ್ಲಿನ ಮೇಲೆ ನಡೆಯುತ್ತಾರೆ. ಅವರ ಕಥೆ ನಿಮಗೆ ಉಪಯೋಗ ಆಗಬಹುದು. ಒಬ್ಬ ಪೂರ್ವಜ ಈಲು ಮೀನು ಹಿಡಿಯಲು ಹೋದಾಗ ಒಂದು ದೈವ ಕೈಗೆ ಸಿಕ್ಕಿತಂತೆ. ಬಿಟ್ಟುಬಿಡು ಅಂತ ಬೇಡಿ, ಬದಲಿಗೆ ಬೆಂಕಿ ಸುಡದ ವರ ಕೊಟ್ಟಿತಂತೆ. ನೋಡಿ, ಅಲ್ಲಿ ವಿದ್ಯೆ ಬಂದದ್ದು ತಪಸ್ಸಿನಿಂದ ಅಲ್ಲ, ಚೌಕಾಸಿಯಿಂದ.

ಮಾಟುಂಗಾ ಅತ್ತೆ

ಇದ್ದಿಲಿನ ಗುಣ ಇರಬಹುದಮ್ಮ. ಆದರೂ ಹಾಯುವವರ ಮುಖ ನೋಡಿದವರು ಅಷ್ಟಕ್ಕೇ ನಿಲ್ಲಿಸುವುದಿಲ್ಲ. ಎಷ್ಟೋ ದಿನ ಒಪ್ಪೊತ್ತು, ನೆಲದ ಮೇಲೆ ಮಲಗುವುದು, ಮಾತಿಗೆ ಲಗಾಮು. ಇಷ್ಟು ಮಾಡಿದವನಿಗೆ ಕೆಂಡದ ಮುಂದೆ ನಿಂತಾಗ ಓಡಬೇಕು ಅನ್ನಿಸುವುದಿಲ್ಲ. ಓಡಿದವನೇ ಎಡವುವುದು. ಕಾಲು ಸುಡದ್ದಕ್ಕೆ ನಿನ್ನ ಲೆಕ್ಕ ಇರಲಿ, ಕಾಲು ನಡುಗದ್ದಕ್ಕೆ ನನ್ನದು ಇರಲಿ.

ಕೊಥ್ರೂಡ್ ಕಾಫಿ

ಅತ್ತೆ, ಇದಕ್ಕೆ ನನ್ನ ಹತ್ತಿರ ಎದುರು ಮಾತಿಲ್ಲ.

ಡೊಂಬಿವಲಿ ಪೂರ್ವ

ಈಗ ನನ್ನ ತಲೆಯಲ್ಲಿ ಮೂಡುತ್ತಿರುವ ಚಿತ್ರ ಹೇಳುತ್ತೇನೆ. ಉರಿಕುದ್ರುವಿನಲ್ಲಿ ಸೌದೆ ಕಡಿಮೆ. ಕಾಡು ಎಲ್ಲ ಲಾವಾ ಹರಿದು ಹೋಗಿದೆ. ಉಳಿದಿರುವುದು ತೆಂಗು, ಅದನ್ನು ಕಡಿಯುವ ಹಾಗಿಲ್ಲ. ಬೆಂಕಿ ಉಳಿಸಲು ಪ್ರತಿ ಮನೆಯೂ ಒಲೆ ಉರಿಸಿಕೊಂಡೇ ಇದ್ದರೆ ಸೌದೆ ಮುಗಿಯುತ್ತದೆ. ಅದಕ್ಕೇ ಒಲೆ ಆರಿಸುತ್ತಾರೆ, ಬೇಕಾದಾಗ ಕೆಂಡದವರನ್ನು ಕರೆಯುತ್ತಾರೆ. ಕಿಡಿ ಅವರದ್ದು, ಸೌದೆ ಮನೆಯವರದ್ದು. ಒಂದು ಕಿಡಿಗೆ ಒಂದು ಬುತ್ತಿ ಅನ್ನ. ಕಿಡಿ ಕೊಟ್ಟವರಿಗೆ ಸ್ವಲ್ಪ ಚಳಿ, ಸ್ವಲ್ಪ ಹಸಿವು, ಅಷ್ಟೇ. ಆದರೆ ಊರಿಗೆ ಅವರಿಲ್ಲದೆ ಅಡುಗೆ ಇಲ್ಲ. ಇಷ್ಟು ಅಗ್ಗದ ವಿದ್ಯೆಯ ಮೇಲೆ ಇಷ್ಟು ದೊಡ್ಡ ಅಧಿಕಾರ!

ಅತ್ತೆಯ ಹಗ್ಗವನ್ನು ಯಾಕೆ ಎಲ್ಲರೂ ಇಟ್ಟುಕೊಳ್ಳಬಾರದು ಅಂತ ಕೇಳಬೇಡಿ. ಕೆಂಡದವರು ಅದನ್ನು ನಿಷೇಧಿಸಿದ್ದಾರೆ. ದೋಣಿಗೆ ಮಾತ್ರ ಅಪ್ಪಣೆ.

ಮಾಟುಂಗಾ ಅತ್ತೆ

ನಿಷೇಧ ಮಾಡಿದರೆ ಹೆಂಗಸರು ಬಿಡುತ್ತಾರಾ? ಬೂದಿಯ ಕೆಳಗೆ ಕದ್ದು ಕೆಂಡ ಇಟ್ಟಿರುತ್ತಾರೆ. ಹೊಗೆ ಕಾಣದ ಹಾಗೆ.

ಭೋಸರಿ ಭಟ್ಟಿ

ಕಳ್ಳ ಬೆಂಕಿಗೆ ಇನ್ನೊಂದು ದಾರಿ ಇದೆ. ಬೋರ್ನಿಯೊ, ಜಾವಾ, ಫಿಲಿಪೀನ್ಸ್ ಕಡೆ ಬೆಂಕಿ ಹೊತ್ತಿಸಲು ಒಂದು ಕೊಳವೆ ಬಳಸುತ್ತಿದ್ದರು. ಬಿದಿರು ಅಥವಾ ಕೊಂಬಿನದ್ದು, ಒಂದು ತುದಿ ಮುಚ್ಚಿರುತ್ತದೆ. ಒಳಗೆ ಬಿಗಿಯಾಗಿ ಕೂರುವ ಕೋಲು, ತುದಿಯಲ್ಲಿ ಚೂರು ನಾರು. ಕೋಲನ್ನು ಒಂದೇ ಏಟಿಗೆ ಒಳಗೆ ಗುದ್ದಿದರೆ ಗಾಳಿ ಒತ್ತಿಕೊಂಡು ಬಿಸಿಯಾಗಿ ನಾರು ಹೊತ್ತಿಕೊಳ್ಳುತ್ತದೆ. ಡೀಸೆಲ್ ಎಂಜಿನ್ ಓಡುವುದೂ ಹಾಗೆಯೇ. ಯಾವನೋ ಒಬ್ಬ ಹುಡುಗ ಅಕಸ್ಮಾತ್ ಇದನ್ನು ಕಂಡುಹಿಡಿಯಲಿ. ಕೆಂಡದವರು ಅವನನ್ನು ಏನು ಮಾಡುತ್ತಾರೆ?

ಡೊಂಬಿವಲಿ ಪೂರ್ವ

ನಾನು ಯೋಚಿಸುತ್ತಿದ್ದದ್ದು ಅದಕ್ಕಿಂತ ಕೆಟ್ಟದ್ದು. ಹೊರಗಿನ ಹಡಗೊಂದು ಬರುತ್ತದೆ, ಬೆಂಕಿಪೊಟ್ಟಣ ತರುತ್ತದೆ.

ನಮ್ಮ ಡೊಂಬಿವಲಿಯಿಂದ ಸ್ವಲ್ಪ ಮುಂದೆ ಅಂಬರನಾಥ. ಸ್ವೀಡನ್ನಿನವರ ವಿಮ್ಕೋ ಕಂಪನಿ 1920ರ ದಶಕದಲ್ಲಿ ಅಲ್ಲಿ ಬೆಂಕಿಪೊಟ್ಟಣದ ಕಾರ್ಖಾನೆ ಹಾಕಿತ್ತು. ಅದಕ್ಕೆ ಮುಂಚೆ ಇಲ್ಲಿಗೆ ಕಡ್ಡಿ ಬರುತ್ತಿದ್ದದ್ದು ಸ್ವೀಡನ್, ಜಪಾನಿನಿಂದ. ಗೀರಿದರೆ ಹೊತ್ತುವ ಕಡ್ಡಿಯನ್ನು ಇಂಗ್ಲೆಂಡಿನ ಜಾನ್ ವಾಕರ್ ಮಾರಲು ಶುರು ಮಾಡಿದ್ದೇ 1827ರಲ್ಲಿ. ಅಂದರೆ ನೂರು ವರ್ಷದೊಳಗೆ ಅದು ಅಂಬರನಾಥದ ತನಕ ಬಂತು. ಉರಿಕುದ್ರುವಿಗೆ ಒಂದೇ ದಿನದಲ್ಲಿ ಬರಲಿ. ಕೆಂಡದವರ ಅಧಿಕಾರ ಎಲ್ಲ ಕಿಡಿಯಲ್ಲಿತ್ತು. ಈಗ ಕಿಡಿ ಪೆಟ್ಟಿಗೆಯಲ್ಲಿ ಸಿಗುತ್ತದೆ. ಅಡುಗೆಯಂತೂ ಅವರಿಂದ ಮೊದಲೂ ಆಗುತ್ತಿರಲಿಲ್ಲ.

ಇಲ್ಲಿಂದ ಮುಂದೆ ಅವರ ಗತಿ ಏನು? ಇಲ್ಲಿ ನಿಂತಿದ್ದೇನೆ.

ಕುರ್ಲಾ ಚೆಂಡೆ

ಹಡಗು ಸುಟ್ಟುಬಿಡಲಿ. ಗೋಣಿ ತುಂಬ ರಾಳ ಇದೆಯಲ್ಲ.

ಮಾಟುಂಗಾ ಅತ್ತೆ

ಹಡಗಿಗೆ ಬೆಂಕಿ ಅಂದರೆ ಮುಂಬಯಿಯವರಿಗೆ ತಮಾಷೆ ಅಲ್ಲ. 1944ರ ಏಪ್ರಿಲ್ 14, ವಿಕ್ಟೋರಿಯಾ ಡಾಕ್. ಫೋರ್ಟ್ ಸ್ಟಿಕೀನ್ ಹಡಗಿನಲ್ಲಿ ಹತ್ತಿಯ ಮೂಟೆ, ಜೊತೆಗೆ ಸುಮಾರು 1,400 ಟನ್ ಸ್ಫೋಟಕ. ಹತ್ತಿ ಒಳಗೊಳಗೇ ಉರಿಯಿತು. ಮೇಲಿನಿಂದ ಎಷ್ಟು ನೀರು ಹೊಡೆದರೂ ಬೆಂಕಿ ಎಲ್ಲಿದೆ ಅಂತಲೇ ತಿಳಿಯಲಿಲ್ಲ. ಆಮೇಲೆ ಎರಡು ಸಲ ಸ್ಫೋಟ. ಅಲ್ಲಿ ಸತ್ತ ಅಗ್ನಿಶಾಮಕ ದಳದವರ ನೆನಪಿಗೇ ಇವತ್ತಿಗೂ ದೇಶದಲ್ಲೆಲ್ಲ ಆ ದಿನ ಆಚರಿಸುತ್ತಾರೆ.

ನಿಮ್ಮ ಕೆಂಡದವರಿಗೆ ಶಾಖ ಹಾಕಲು ಬಂದರೆ ತೆಗೆಯಲೂ ಬರಬೇಕಲ್ಲ? ಉರಿಯುವ ಮೂಟೆಯ ಹೊಟ್ಟೆಯಿಂದ ಶಾಖ ಎಳೆದು ತೆಗೆಯುವ ಒಬ್ಬಳು ಆ ದಿನ ಅಲ್ಲಿದ್ದಿದ್ದರೆ ಏನಾಗುತ್ತಿತ್ತು ಅಂತ ಯೋಚಿಸಿ.

ಕೊಥ್ರೂಡ್ ಕಾಫಿ

ಅತ್ತೆ, ಬರೆಯಬೇಕಾದವರು ನೀವೇ. ಇಷ್ಟು ಹೊತ್ತೂ ಯಾರೂ ಉಲ್ಟಾ ಯೋಚಿಸಿರಲಿಲ್ಲ.

ತೆಗೆದ ಶಾಖ ಮೈಗೆ ಬರುತ್ತದೆ. 37ರಿಂದ 40 ಡಿಗ್ರಿಗೆ ಏರುವಷ್ಟು ತಡೆಯಬಹುದು ಅಂದುಕೊಳ್ಳೋಣ, ಅದೇ ಜೋರು ಜ್ವರ. ಅಷ್ಟರಲ್ಲಿ ಸುಮಾರು 630 ಕಿಲೋಜೌಲ್ ಎಳೆಯಬಹುದು. ಸೊಂಟದ ತನಕ ಸಮುದ್ರದಲ್ಲಿ ನಿಂತು ಎಳೆದರೆ ಇನ್ನೂ ಜಾಸ್ತಿ. ದೊಡ್ಡ ಬೆಂಕಿ ಆರಿಸಲು ಸಾಲದು. ಆದರೆ ಹೊತ್ತಲು ಶುರುವಾದ ಮೂಟೆಯೊಂದನ್ನು ಆರಂಭದಲ್ಲೇ ಹಿಡಿಯಬಹುದು.

ವಾಸ್ಕೋ ಬಂದರು

ಒಂದು ನಿಮಿಷ ತಡೀರಿ. ಬೆಂಕಿ ಬಿಡ್ರಿ, ಮೀನು ತಣ್ಣಗೆ ಮಾಡಬಹುದೇನು?

ನಾನು ಇಲ್ಲಿ ಜೆಟ್ಟಿಗೆ ಐಸ್ ಒದಗಿಸುವ ಕೆಲಸದಲ್ಲಿ ಇದ್ದೇನೆ. ದೋಣಿ ಹೊರಡುವ ಮೊದಲು ಡೀಸೆಲ್ ಎಷ್ಟು ಮುಖ್ಯವೋ ಐಸ್ ಅಷ್ಟೇ ಮುಖ್ಯ. ಐಸ್ ಕಡಿಮೆ ಇದ್ದರೆ ಬಂಗುಡೆ ಸಂಜೆಗೆ ಮೆತ್ತಗಾಗುತ್ತದೆ, ಕಣ್ಣು ಮಸುಕಾಗುತ್ತದೆ, ಅರ್ಧ ರೇಟಿಗೂ ಯಾರೂ ಮುಟ್ಟುವುದಿಲ್ಲ. ನಿಮ್ಮ ದ್ವೀಪದಲ್ಲಿ ಐಸ್ ಎಲ್ಲಿ ಬಂತು? ಹಿಡಿದ ಮೀನು ಅವತ್ತೇ ತಿನ್ನಬೇಕು, ಇಲ್ಲವೇ ಉಪ್ಪು ಹಾಕಿ ಒಣಗಿಸಬೇಕು.

ಕೊಥ್ರೂಡ್ ಕಾಫಿ

ಲೆಕ್ಕ ಹಾಕಿದೆ. ಒಂದು ಕಿಲೋ ಮೀನು 30 ಡಿಗ್ರಿಯಿಂದ ಸೊನ್ನೆಗೆ ತರಲು ನೂರು ಕಿಲೋಜೌಲ್ ಚಿಲ್ಲರೆ. ಅಂದರೆ ಜ್ವರ ಬರುವಷ್ಟರಲ್ಲಿ ಆರು ಕಿಲೋ. ನೀರಲ್ಲಿ ಮುಳುಗಿ ಮೈ ಆರಿಸಿಕೊಳ್ಳುತ್ತಾ ಮಾಡಿದರೆ ದಿನಕ್ಕೆ ಹಲವು ಬುಟ್ಟಿ ಆಗಬಹುದು.

ಡೊಂಬಿವಲಿ ಪೂರ್ವ

ನಿಲ್ಲಿ, ನಿಲ್ಲಿ. ಜ್ವಾಲಾಮುಖಿಯ ಮಕ್ಕಳು ಅಂತ ಹೇಳಿಕೊಳ್ಳುವವರು ಬಂಗುಡೆ ಬುಟ್ಟಿ ಹಿಡಿದು ನಿಲ್ಲುತ್ತಾರಾ? ಹಿರಿಯರು ಒಪ್ಪುವುದೇ ಇಲ್ಲ.

ಮಾಟುಂಗಾ ಅತ್ತೆ

ಹಿರಿಯರು ಒಪ್ಪುವುದಿಲ್ಲ. ಸೊಸೆಯಂದಿರು ಒಪ್ಪುತ್ತಾರೆ. ಮನೆಯಲ್ಲಿ ಬುತ್ತಿ ಬರುವುದು ನಿಂತಿರುವುದು ಮೊದಲು ಗೊತ್ತಾಗುವುದು ಅವರಿಗೇ.

ಭೋಸರಿ ಭಟ್ಟಿ

ಹಿರಿಯರಿಗೆ ಮಳೆಗಾಲದ ತನಕ ಮರ್ಯಾದೆ ಉಳಿಸಿ. ಕಡ್ಡಿಪೆಟ್ಟಿಗೆ ತೇವ ಹಿಡಿದರೆ ಎಷ್ಟು ಗೀರಿದರೂ ಮದ್ದು ಉದುರುತ್ತದೆ, ಹೊತ್ತುವುದಿಲ್ಲ. ಆಷಾಢದಲ್ಲಿ ಎಲ್ಲರೂ ಮತ್ತೆ ಅವರ ಬಾಗಿಲಿಗೇ ಬರಬೇಕು. ವರ್ಷದಲ್ಲಿ ನಾಲ್ಕು ತಿಂಗಳು ಗುರುಗಳು, ಎಂಟು ತಿಂಗಳು ಯಾರೂ ಕೇಳುವವರಿಲ್ಲ. ಆ ಸಿಟ್ಟಿನಲ್ಲಿ ಏನೆಲ್ಲ ಮಾಡುತ್ತಾರೋ, ಅದನ್ನು ಬರೆಯಿರಿ.

ಕುರ್ಲಾ ಚೆಂಡೆ

ಮಳೆಗಾಲದಲ್ಲಿ ದೋಣಿಯೂ ಕಡಲಿಗೆ ಇಳಿಯುವುದಿಲ್ಲ. ಮೀನಿನ ಕೆಲಸ ಇಲ್ಲ, ಕಿಡಿಯ ಕೆಲಸ ಇದೆ. ಮಳೆ ನಿಂತ ಮೇಲೆ ಉಲ್ಟಾ. ಒಂದೇ ಮನೆಯಲ್ಲಿ ಅತ್ತೆಯದ್ದು ಮಳೆಗಾಲದ ದುಡಿಮೆ, ಸೊಸೆಯದ್ದು ಬೇಸಿಗೆಯ ದುಡಿಮೆ. ಜಗಳಕ್ಕೆ ರಜೆಯೇ ಇಲ್ಲ ಮಾರಾಯ್ರೆ.

ಡೊಂಬಿವಲಿ ಪೂರ್ವ

ಆ ಸೊಸೆಯ ಕಡೆಯಿಂದಲೇ ಕಥೆ ಹೇಳುತ್ತೇನೆ. ದೋಣಿ ಸುಡುವ ಅಧ್ಯಾಯ ತೆಗೆದೆ. ವಾಸ್ಕೋದವರೇ, ಒಂದು ಬುಟ್ಟಿ ಮೀನು ತಣ್ಣಗೆ ಮಾಡಿಕೊಟ್ಟರೆ ಅವಳು ಎಷ್ಟು ಕೇಳಬಹುದು?

ವಾಸ್ಕೋ ಬಂದರು

ದುಡ್ಡು ಕೇಳಬಾರದ್ರಿ, ಮೀನು ಕೇಳಬೇಕು. ಹತ್ತಕ್ಕೆ ಒಂದು. ಮೀನು ಮಾರುವ ಹೆಂಗಸು ಹದಿನೈದಕ್ಕೆ ಒಂದು ಅನ್ನುತ್ತಾಳೆ. ಸೊಸೆ ಬುಟ್ಟಿ ಬಿಟ್ಟು ಎದ್ದು ಹೋಗಬೇಕು, ಇವಳು ಕರೆಯಬೇಕು, ಕೊನೆಗೆ ಹನ್ನೆರಡಕ್ಕೆ ಮುಗಿಯುತ್ತದೆ. ಅದೂ ಆ ಮೀನು ಆಯ್ದುಕೊಳ್ಳುವುದು ಯಾರು ಅಂತ ಮೊದಲೇ ಮಾತಾಡಿಕೊಳ್ಳಲಿ. ಇಲ್ಲ ಅಂದರೆ ಬುಟ್ಟಿಯ ತಳದಲ್ಲಿ ಇರುವ ಸಣ್ಣದೇ ಇವಳ ಪಾಲಿಗೆ.